ಇನ್ನೂರ ಎಪ್ಪತ್ತು ದಿನದ ಮನೆ

ಜನವರಿ 4

ಕನ್ನಡಕದ ಡಾಕ್ಟರಮ್ಮನಿಗೆ,

ನೀನು ಡಾಕ್ಟರಲ್ಲ, ಅಂಗಡಿಯಲ್ಲಿ ಕಣ್ಣು ಪರೀಕ್ಷಿಸಿ ಗಾಜು ಕೂರಿಸುವವಳು ಎಂದು ಪ್ರತಿ ಪತ್ರದಲ್ಲೂ ತಿದ್ದುತ್ತೀಯ. ತಿದ್ದುತ್ತಲೇ ಇರು. ಮೂರು ವಾರಕ್ಕೊಮ್ಮೆ ಬರುವ ಸಾಮಾನು ಬೋಟು ಈಗ ದ್ವೀಪಕ್ಕೆ ಬಂದು ನಿಂತಿದೆ. ಇಳಿಸುವುದಕ್ಕೆ ಎರಡು ಗಂಟೆ ಹಿಡಿಯುತ್ತದೆ, ಅಷ್ಟರೊಳಗೆ ಇದನ್ನು ಬರೆದು ಮುಗಿಸಬೇಕು. ಈ ಸಲವೂ ಅದೇ ಡಬ್ಬಿ ಬಟಾಣಿ. ಬೇಡ ಎಂದು ನಾಲ್ಕು ಸಲ ಬರೆದಿದ್ದೇನೆ. ಇಲಾಖೆಯವರಿಗೆ ನನ್ನ ಪತ್ರ ಓದುವುದಕ್ಕಿಂತ ಬಟಾಣಿ ಕಳಿಸುವುದೇ ಸುಲಭ ಅಂತ ಕಾಣುತ್ತದೆ.

ಈಗ ಒಳ್ಳೆಯ ಸುದ್ದಿ. ಹವಾಮಾನ ಕೇಂದ್ರದ ಗೋಡೆಗೆ ಅಂಟಿಸಿರುವ ನನ್ನ ಗ್ರಾಫ್ ಹಾಳೆಯಲ್ಲಿ ಈ ತಿಂಗಳು ನೂರ ಎಂಟನೆಯ ಚೌಕಕ್ಕೆ ನೀಲಿ ಪೆನ್ಸಿಲ್ ಬಳಿದೆ. ಮೂವತ್ತು ಲಕ್ಷದ ಮನೆ ಸಾಲ, ಇನ್ನೂರ ನಲವತ್ತು ಕಂತು, ಮೇಲಿನ ಮೂಲೆಯಿಂದ ಕೆಳಗಿನ ಮೂಲೆಗೆ ಒಂದೇ ಗೆರೆ. ಅದರ ಪ್ರಕಾರ ಹದಿಮೂರೂವರೆ ಲಕ್ಷ ತೀರಿದೆ, ಹದಿನಾರೂವರೆ ಉಳಿದಿದೆ.

ಸಾಲ ತೆಗೆದ ವರ್ಷ ನಾವಿಬ್ಬರೂ ಆಡಿಕೊಂಡ ಮಾತು ನೆನಪಿದೆ ತಾನೆ? ದ್ವೀಪದ ಭತ್ಯೆ ಇಲ್ಲದೆ ಅಷ್ಟು ದೊಡ್ಡ ಕಂತು ಕಟ್ಟಲು ನಮ್ಮಿಂದ ಆಗುವುದಿಲ್ಲ. ಹಾಗಾಗಿ ಮೂರು ಮೂರು ವರ್ಷದಂತೆ ಮೂರು ಅವಧಿ ನಾನಿಲ್ಲಿರುವುದು, ಅಷ್ಟು ಹೊತ್ತಿಗೆ ಸಾಲ ಹೆಚ್ಚುಕಡಿಮೆ ಅರ್ಧಕ್ಕೆ ಇಳಿದಿರುತ್ತದೆ, ಕಂತು ಕಡಿಮೆ ಮಾಡಿಸಿಕೊಂಡು ಊರಿಗೆ ಬರುವುದು. ಮಾರ್ಚ್ ಕೊನೆಗೆ ಮೂರನೆಯ ಅವಧಿ ಮುಗಿಯುತ್ತದೆ. ನೀನು ಒಮ್ಮೆ ಬ್ಯಾಂಕಿಗೆ ಹೋಗಿ, ಬಾಕಿ ಎಷ್ಟೆಂದು ಒಂದು ಚೀಟಿ ಬರೆಸಿಕೊಂಡು ಬಾ. ಐದು ನಿಮಿಷದ ಕೆಲಸ.

ಸೊಳ್ಳೆ ಓದುತ್ತಿದ್ದಾಳೋ ಇಲ್ಲವೋ? ಹದಿನೇಳು ತುಂಬಿದವಳನ್ನು ಹಾಗೆ ಕರೆಯಬೇಡಿ ಎಂದು ಹೋದ ರಜೆಯಲ್ಲಿ ಗದರಿದ್ದಳು. ಹುಟ್ಟಿದ ಮೊದಲ ವರ್ಷ ನನ್ನನ್ನು ನಿದ್ದೆ ಮಾಡಗೊಡದವಳಿಗೆ ಬೇರೆ ಹೆಸರು ನನಗೆ ಹೊಳೆಯುವುದಿಲ್ಲ.

ನಿನ್ನ,
ಹವಾಮಾನದವನು


ಜನವರಿ 19

ಹವಾಮಾನದ ದೊರೆಗಳಿಗೆ,

ನಿಮ್ಮ ಐದು ನಿಮಿಷದ ಕೆಲಸಕ್ಕೆ ನನ್ನ ಮೂರು ಅರ್ಧ ದಿನದ ರಜೆ ಹೋಯಿತು. ಮೊದಲ ದಿನ ಟೋಕನ್ ಮುಗಿದಿತ್ತು. ಎರಡನೆಯ ದಿನ ಕಂಪ್ಯೂಟರ್ ಮಲಗಿತ್ತು. ಮೂರನೆಯ ದಿನ ಸಾಲ ವಿಭಾಗದ ಅಧಿಕಾರಿ ಸಿಕ್ಕರು. ಓದುವ ಕನ್ನಡಕವನ್ನು ಮೂಗಿನ ತುದಿಗೆ ಇಳಿಸಿಕೊಂಡು ತಲೆ ಹಿಂದಕ್ಕೆ ಎಳೆದುಕೊಂಡು ಓದುತ್ತಾರೆ. ಎರಡು ವರ್ಷದಿಂದ ಅವರ ನಂಬರ್ ಬದಲಾಗಿದೆ, ಅವರು ಗಾಜು ಬದಲಾಯಿಸಿಲ್ಲ.

"ಇಪ್ಪತ್ಮೂರು ಲಕ್ಷದ ಎಪ್ಪತ್ತೈದು ಸಾವಿರ ಬಾಕಿ ಇದೆ ಮೇಡಂ" ಅಂದರು.

"ಸರ್, ಬೇರೆ ಯಾರದೋ ಫೈಲ್ ತೆಗ್ದಿದೀರ ಅನ್ಸುತ್ತೆ, ಇನ್ನೊಂದ್ಸಲ ನೋಡಿ" ಅಂದೆ. ಅವರು ಪರದೆಯನ್ನೇ ನನ್ನ ಕಡೆ ತಿರುಗಿಸಿದರು. ನಿಮ್ಮ ಹೆಸರು, ನನ್ನ ಹೆಸರು, ನಮ್ಮ ಮನೆ ನಂಬರು. ಇಪ್ಪತ್ಮೂರು ಮುಕ್ಕಾಲು ಲಕ್ಷ.

ನಿಮ್ಮ ಗೆರೆಗೂ ಇದಕ್ಕೂ ಏಳು ಲಕ್ಷದ ಇಪ್ಪತ್ತೈದು ಸಾವಿರ ವ್ಯತ್ಯಾಸ. ಅಷ್ಟು ದುಡ್ಡನ್ನು ನಾನಂತೂ ತಿಂದಿಲ್ಲ. ಈ ಒಂಬತ್ತು ವರ್ಷದಲ್ಲಿ ನಾವು ಕಟ್ಟಿರುವುದು ಇಪ್ಪತ್ತೇಳು ಲಕ್ಷದ ಮೇಲೆ. ಇಪ್ಪತ್ತೇಳು ಕಟ್ಟಿದರೆ ಆರೂಕಾಲು ಇಳಿಯುವುದು ಯಾವ ಊರಿನ ಲೆಕ್ಕ ಎಂದು ಕೇಳಿದೆ. ಹಿಂದೆ ಸಾಲು ಉದ್ದವಾಗಿತ್ತು, ಅವರು ಮುಂದಿನವರನ್ನು ಕರೆದರು.

ಚೀಟಿ ಇದರ ಜೊತೆ ಇದೆ.

ನಿಮ್ಮವಳು


ಜನವರಿ 25

ಪ್ರಿಯ ಕನ್ನಡಕದ ಡಾಕ್ಟರಮ್ಮನಿಗೆ,

ಗಾಬರಿಯಾಗಬೇಡ. ಅವರ ಕಂಪ್ಯೂಟರ್ ಮಲಗಿತ್ತು ಎಂದು ನೀನೇ ಬರೆದಿದ್ದೀಯ. ಎದ್ದ ಮೇಲೆ ನಿದ್ದೆಗಣ್ಣಿನಲ್ಲಿ ಏನೋ ಹೇಳಿದೆ. ನನ್ನ ಲೆಕ್ಕದಲ್ಲಿ ತಪ್ಪಾಗುವ ಮಾತೇ ಇಲ್ಲ. ಒಂಬತ್ತು ವರ್ಷದಿಂದ ಮೂರು ಗಂಟೆಗೊಮ್ಮೆ ಗಾಳಿಯ ಒತ್ತಡ, ತೇವ, ಉಷ್ಣತೆ ಬರೆದು ಇಲಾಖೆಗೆ ರೇಡಿಯೋದಲ್ಲಿ ಕಳಿಸುತ್ತಿದ್ದೇನೆ, ಒಂದೇ ಒಂದು ಅಂಕಿ ವಾಪಸ್ ಬಂದಿಲ್ಲ.

ಗೋಡೆಯ ಗ್ರಾಫನ್ನು ಹೊಸ ಹಾಳೆಯಲ್ಲಿ ಅಚ್ಚುಕಟ್ಟಾಗಿ ನಕಲು ಮಾಡಿ ಇದರೊಂದಿಗೆ ಇಟ್ಟಿದ್ದೇನೆ. ನೇರವಾಗಿ ಮ್ಯಾನೇಜರ್ ಹತ್ತಿರ ಹೋಗು. ಹಾಳೆಯನ್ನು ಮೇಜಿನ ಮೇಲೆ ಹರಡಿ, ನೂರ ಎಂಟನೆಯ ಚೌಕದ ಮೇಲೆ ಬೆರಳಿಡು. ಜಾಸ್ತಿ ಮಾತಾಡಬೇಡ. ನೀನು ಮಾತಿಗೆ ನಿಂತರೆ ಕನ್ನಡಕದ ವಿಷಯಕ್ಕೆ ಹೋಗಿಬಿಡುತ್ತೀಯ.

ಮಳೆ ಮಾಪಕದ ಕೊಳವೆ ಮತ್ತೆ ತುಕ್ಕು ಹಿಡಿದಿದೆ. ಹೊಸದು ಕಳಿಸಿ ಎಂದರೆ ಬಟಾಣಿ ಕಳಿಸಿದ್ದಾರೆ.

ನಿನ್ನವನು


ಫೆಬ್ರವರಿ 11

ದೊರೆಗಳೇ,

ಹರಡಿದೆ. ಬೆರಳಿಟ್ಟೆ. ಮಾತಾಡಲಿಲ್ಲ.

ಮ್ಯಾನೇಜರ್ ಒಳ್ಳೆಯ ಮನುಷ್ಯ, ನಗು ತಡೆದುಕೊಳ್ಳಲು ಕೆಮ್ಮಿದರು. ನನಗೆ ಭೂಮಿ ಬಾಯಿ ಬಿಡಬಾರದೆ ಅನ್ನಿಸಿತು. ಆಮೇಲೆ "ಇದನ್ನ ಎಳ್ದೋರು ಯಾರು ಮೇಡಂ?" ಎಂದು ಕೇಳಿದರು. ನಮ್ಮ ಯಜಮಾನರು, ಹವಾಮಾನ ಇಲಾಖೆಯಲ್ಲಿದ್ದಾರೆ ಅಂದೆ. "ಸರಿ ಸರಿ" ಅಂದರು. ಆ ಸರಿ ಸರಿಯ ಅರ್ಥ ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ.

ಅವರು ಹೇಳಿದ್ದನ್ನು ಬರೆಯುತ್ತೇನೆ, ಈ ಸಲ ನೀವು ಗಾಬರಿಯಾಗದೆ ಓದಿ. ಕಂತು ಇಪ್ಪತ್ತೈದು ಸಾವಿರದ ತೊಂಬತ್ತಮೂರು. ಮೊದಲ ತಿಂಗಳು ಅದರಲ್ಲಿ ಇಪ್ಪತ್ತು ಸಾವಿರ ಬಡ್ಡಿಗೇ ಹೋಯಿತು. ಸಾಲ ತೀರಿದ್ದು ಐದು ಸಾವಿರದ ತೊಂಬತ್ತಮೂರು. ಎರಡನೆಯ ತಿಂಗಳು ಅದಕ್ಕಿಂತ ಮೂವತ್ತೋ ಮೂವತ್ತೈದೋ ಹೆಚ್ಚು. ಹೀಗೆ ಸಾಲ ಮೊದಲು ಆಮೆಯ ಹಾಗೆ ಇಳಿಯುತ್ತದೆ, ಜೋರಾಗಿ ಇಳಿಯುವುದು ಕೊನೆಯ ವರ್ಷಗಳಲ್ಲಿ. ಗೆರೆ ಬಾಗುತ್ತದೆ ರೀ. ಗಾಳಿಯ ಒತ್ತಡದ ಗೆರೆಯನ್ನು ನೀವು ಯಾವತ್ತಾದರೂ ಸ್ಕೇಲಿಟ್ಟು ಎಳೆದಿದ್ದೀರಾ? ಸಾಲದ ಗೆರೆಯನ್ನು ಮಾತ್ರ ಯಾಕೆ ಎಳೆದಿರಿ?

ಇನ್ನೂ ಹೊಟ್ಟೆ ಉರಿಯುವ ವಿಷಯ ಕೇಳಿ. ಪ್ರತಿ ತಿಂಗಳು ಬಡ್ಡಿಗೆಷ್ಟು, ಅಸಲಿಗೆಷ್ಟು ಎಂಬ ಪೂರ್ತಿ ಪಟ್ಟಿಯನ್ನು ಸಾಲ ಕೊಟ್ಟ ದಿನವೇ ನಮಗೆ ಕೊಟ್ಟಿದ್ದಾರೆ. ಮನೆಗೆ ಬಂದು ಹುಡುಕಿದೆ. ಮನೆಪತ್ರದ ಫೈಲಿನಲ್ಲಿದೆ, ಪಿನ್ ಕೂಡ ಬಿಚ್ಚಿಲ್ಲ. ಕೊನೆಯ ಸಾಲಿನಲ್ಲಿ ಬರೆದಿದೆ: ಒಟ್ಟು ಪಾವತಿ ಅರವತ್ತು ಲಕ್ಷದ ಇಪ್ಪತ್ತೆರಡು ಸಾವಿರ. ಮೂವತ್ತಕ್ಕೆ ಅರವತ್ತು. ದಿನವಿಡೀ ಜನರಿಗೆ ಸಣ್ಣ ಅಕ್ಷರ ಓದಿಸುವವಳು ನಾನು, ಇದನ್ನು ಓದಿರಲಿಲ್ಲ. ಇದಕ್ಕೆ ನಿಮ್ಮನ್ನೊಬ್ಬರನ್ನೇ ಬೈದು ಪ್ರಯೋಜನವಿಲ್ಲ ಎಂದು ಗೊತ್ತಿದ್ದೂ ಬೈದೆ.

ಅದೂ ಸಾಲದು ಅಂತ, ನಾಲ್ಕು ವರ್ಷದ ಹಿಂದೆ ಬಡ್ಡಿ ಎಂಟರಿಂದ ಒಂಬತ್ತೂವರೆಗೆ ಏರಿದಾಗ ಸಾಲದ ಅವಧಿ ಉದ್ದವಾಯಿತಂತೆ. ಇನ್ನು ಹನ್ನೊಂದು ವರ್ಷವಲ್ಲ, ಹದಿನಾಲ್ಕು ವರ್ಷ ಎಂಟು ತಿಂಗಳು. ಆಗ ನಿಮಗೆ ನಿವೃತ್ತಿಯಾಗಿ ಒಂದೂವರೆ ವರ್ಷದ ಮೇಲಾಗಿರುತ್ತದೆ. ಕಂತು ಕಡಿಮೆ ಮಾಡುತ್ತೀರಾ ಎಂದು ಕೇಳಿದ್ದಕ್ಕೆ, "ಮಾಡಬೌದು, ಅವಧಿ ಇನ್ನೂ ಸ್ವಲ್ಪ ಎಳೀಬೇಕಾಗುತ್ತೆ" ಅಂದರು. ನಾನು ಎದ್ದು ಬಂದೆ.

ಏಪ್ರಿಲಿಗೆ ಹೇಗೆ ಬರುತ್ತೀರಿ, ಬಂದರೆ ಕಂತನ್ನು ಹೇಗೆ ಕಟ್ಟುವುದು, ನನಗೆ ತೋಚುತ್ತಿಲ್ಲ. ಬರೆಯಿರಿ.

ನಿಮ್ಮವಳು


ಫೆಬ್ರವರಿ 15

ಇವಳೇ,

ನಿನ್ನ ಪತ್ರ ಓದಿ ರಕ್ತ ಕುದಿಯಿತು. ಗೆರೆಯ ವಿಷಯ ಹಾಗಿರಲಿ, ಒಪ್ಪಿದೆ. ಗೋಡೆಯಿಂದ ಕಿತ್ತು ಹಾಕಿದ್ದೇನೆ. ಆದರೆ ಅವಧಿ ಉದ್ದ ಮಾಡಲು ಇವರು ಯಾರು? ನಮ್ಮನ್ನು ಒಂದು ಮಾತು ಕೇಳಿದರೇ? ಮೂರು ವರ್ಷ ಎಂಟು ತಿಂಗಳನ್ನು ಸದ್ದಿಲ್ಲದೆ ನಮ್ಮ ತಲೆಗೆ ಕಟ್ಟಿದ್ದಾರೆ. ಹಗಲು ದರೋಡೆ.

ಇದರ ಜೊತೆ ಆರು ಪುಟದ ದೂರು ಇಟ್ಟಿದ್ದೇನೆ. ಬ್ಯಾಂಕಿನ ಮುಖ್ಯ ಕಚೇರಿಗೆ ರಿಜಿಸ್ಟರ್ಡ್ ಪೋಸ್ಟಿನಲ್ಲಿ ಕಳಿಸು. ಒಪ್ಪಿಗೆ ಪತ್ರ ಇದೆ ಎಂದೇನಾದರೂ ಅವರು ಹೇಳಿದರೆ ಅದು ಖೋಟಾ ಸಹಿ ಎಂದು ಐದನೆಯ ಪುಟದಲ್ಲಿ ಮೊದಲೇ ಬರೆದಿದ್ದೇನೆ. ಕೋರ್ಟಿಗೆ ಹೋದರೂ ಸೈ.

ಏಪ್ರಿಲ್ ವಿಷಯ ಇಲಾಖೆಯಿಂದ ಇನ್ನೂ ಏನೂ ಬಂದಿಲ್ಲ. ಬಂದ ಮೇಲೆ ತಿಳಿಸುತ್ತೇನೆ. ಬೋಟಿನವರು ಅವಸರ ಮಾಡುತ್ತಿದ್ದಾರೆ, ಇನ್ನೊಂದು ಕಾಗದಕ್ಕೂ ಸಹಿ ಹಾಕಿ ಕೊಡುವುದಿದೆ.

ನಿನ್ನವನು


ಮಾರ್ಚ್ 3

ರೀ,

ದೂರು ಕಳಿಸಿಲ್ಲ. ಕಳಿಸುವುದೂ ಇಲ್ಲ. ಖೋಟಾ ಸಹಿ ಅಲ್ಲ ಅದು, ನನ್ನದು.

ಕಳೆದ ಪತ್ರದಲ್ಲಿ ಅವಧಿ "ಉದ್ದವಾಯಿತಂತೆ" ಎಂದು ಬರೆದೆ, ತಾನಾಗಿಯೇ ಬೆಳೆದ ಉಗುರಿನ ಹಾಗೆ. ಬರೆಯುವಾಗಲೇ ಕೈ ತಡೆಯಿತು. ನಾಲ್ಕು ವರ್ಷದ ಹಿಂದೆ ಬ್ಯಾಂಕಿನ ಪತ್ರ ಬಂದಿತ್ತು. ಬಡ್ಡಿ ಏರಿದೆ, ಎರಡರಲ್ಲಿ ಒಂದಕ್ಕೆ ಗುರುತು ಹಾಕಿ: ಕಂತು ಇಪ್ಪತ್ತೇಳು ಸಾವಿರದ ನಾನೂರಕ್ಕೆ ಏರಿಸುವುದು, ಅಥವಾ ಕಂತು ಅಷ್ಟೇ ಇಟ್ಟು ಅವಧಿ ಹೆಚ್ಚಿಸುವುದು. ಆ ವಾರ ಅಂಗಡಿಯಲ್ಲಿ ಗಾಜು ಉಜ್ಜುವ ಯಂತ್ರ ಕೆಟ್ಟು ನನಗೆ ಅರ್ಧ ಸಂಬಳ. ಸೊಳ್ಳೆಯ ಹಲ್ಲಿಗೆ ತಂತಿ ಕಟ್ಟಿಸಬೇಕಿತ್ತು. ಎರಡು ಸಾವಿರದ ಮುನ್ನೂರು ಬೆಟ್ಟದಷ್ಟು ಕಂಡಿತು. ಗಿರಾಕಿಯೊಬ್ಬರು ಗೋಡೆಯ ಅಕ್ಷರ ಓದುತ್ತಿದ್ದರು, ಅವರು ಮೂರನೆಯ ಸಾಲಿಗೆ ಬರುವಷ್ಟರಲ್ಲಿ ನಾನು ಎರಡನೆಯ ಚೌಕಕ್ಕೆ ಗುರುತು ಹಾಕಿ ಸಹಿ ಮಾಡಿ ಮಡಿಸಿಟ್ಟೆ. ಕಂತು ಏರಲಿಲ್ಲವಲ್ಲ, ಬಚಾವಾದೆವು ಅಂದುಕೊಂಡೆ. ನಿಮಗೆ ಬರೆದು ಯಾಕೆ ತಲೆಬಿಸಿ ಮಾಡುವುದು ಎಂದು ಸುಮ್ಮನಾದೆ.

ಮ್ಯಾನೇಜರ್ ಹತ್ತಿರ ಕೂತು ಲೆಕ್ಕ ಹಾಕಿಸಿದೆ. ಕಂತು ಏರಿಸಿಕೊಂಡಿದ್ದರೆ ಕೊನೆಯವರೆಗೆ ನಾಲ್ಕು ಲಕ್ಷ ಚಿಲ್ಲರೆ ಹೆಚ್ಚು ಬೀಳುತ್ತಿತ್ತು. ಏರಿಸಿಕೊಳ್ಳದೆ ಇದ್ದದ್ದರಿಂದ ಹನ್ನೊಂದು ಲಕ್ಷ ಹೆಚ್ಚು ಬೀಳುತ್ತಿದೆ. ಎರಡು ಸಾವಿರದ ಮುನ್ನೂರು ಉಳಿಸುವುದಕ್ಕೆ ಹೋಗಿ ಆರೂಮುಕ್ಕಾಲು ಲಕ್ಷ ಕಳೆದವಳು ನಾನು. ಬೈಯಿರಿ. ಆರು ಪುಟ ಬರೆಯುವ ಶಕ್ತಿ ನಿಮಗಿದೆ ಎಂದು ಗೊತ್ತಾಗಿದೆ.

ಬೈದು ಮುಗಿಸಿದ ಮೇಲೆ ಇದನ್ನು ಓದಿ. ನಾನೂ ಒಂದು ಲೆಕ್ಕ ಹಾಕಿದ್ದೇನೆ, ಇದಕ್ಕೆ ಗ್ರಾಫ್ ಬೇಡ. ಮನೆಯ ಕೀಲಿಕೈ ನಮ್ಮ ಕೈಗೆ ಬಂದದ್ದು ನೀವು ದ್ವೀಪಕ್ಕೆ ಹೊರಟ ಮೇಲೆ. ಅಲ್ಲಿಂದ ಈಚೆಗೆ ನಿಮ್ಮ ರಜೆ ವರ್ಷಕ್ಕೆ ಮೂವತ್ತು ದಿನ. ಒಂಬತ್ತು ವರ್ಷಕ್ಕೆ ಇನ್ನೂರ ಎಪ್ಪತ್ತು. ಕಟ್ಟಿದ ಕಂತು ಇಪ್ಪತ್ತೇಳು ಲಕ್ಷ. ನೀವು ಈ ಮನೆಯಲ್ಲಿ ಇದ್ದ ಒಂದೊಂದು ದಿನಕ್ಕೆ ಹತ್ತು ಸಾವಿರ ಬಿದ್ದಿದೆ ರೀ. ಅದೂ ಅರ್ಧ ರಜೆ ನೀವು ನಲ್ಲಿ ರಿಪೇರಿ ಮಾಡುತ್ತಾ ಕಳೆದದ್ದು.

ಮನೆ ಮಾರೋಣ. ಪಕ್ಕದ ಬೀದಿಯ ಬೇಕರಿ ದಂಪತಿ ಎರಡು ಸಲ ಬಂದು ನೋಡಿಕೊಂಡು ಹೋಗಿದ್ದಾರೆ, ನಿಮಗೆ ಹೇಳಿರಲಿಲ್ಲ. ನಲವತ್ತೆಂಟಕ್ಕೆ ಒಪ್ಪಿದ್ದಾರೆ. ಬಾಕಿ ತೀರಿಸಿದರೆ ಇಪ್ಪತ್ನಾಲ್ಕು ಲಕ್ಷ ಕೈಗೆ ಬರುತ್ತದೆ. ಮೊದಲು ನಾವು ಕೈಯಿಂದ ಹಾಕಿದ ಹತ್ತೂ ಸೇರಿ ಈ ಮನೆಗೆ ಸುರಿದದ್ದು ಮೂವತ್ತೇಳು. ಉಳಿದ ಹದಿಮೂರನ್ನು ಒಂಬತ್ತು ವರ್ಷದ ಬಾಡಿಗೆ ಅಂದುಕೊಂಡರೆ ತಿಂಗಳಿಗೆ ಹನ್ನೆರಡು ಸಾವಿರ. ಮುಳುಗಿ ಹೋಗಿಲ್ಲ ನಾವು. ನೀವು ಊರಿನ ಸಂಬಳಕ್ಕೆ ಬನ್ನಿ, ಬಾಡಿಗೆ ಮನೆ ಸಾಕು.

ಬೇಕರಿಯಾಕೆ ನನ್ನನ್ನು ಕೇಳಿದ್ದು ಒಂದೇ ಪ್ರಶ್ನೆ: "ಕಂತು ತಿಂಗಳಿಗೆ ಎಷ್ಟ್ ಬೀಳ್ಬೌದಕ್ಕಾ?" ಅವಳನ್ನು ಕೂರಿಸಿ ಪಟ್ಟಿಯ ಕೊನೆಯ ಸಾಲು ತೋರಿಸಿದೆ. ಪಾಪ, ಬಂದದ್ದು ಮನೆ ನೋಡಲು.

ನಿಮ್ಮವಳು


ಮಾರ್ಚ್ 8

ನಿನಗೆ,

ಬೋಟು ಇನ್ನು ಅರ್ಧ ಗಂಟೆ ಇರುತ್ತದೆ. ನಿನ್ನ ಪತ್ರವನ್ನು ಎರಡು ಸಲ ಓದಿದೆ. ಬೈಯುವ ಯೋಗ್ಯತೆ ನನಗಿಲ್ಲ, ಯಾಕೆಂದರೆ ನಾನೂ ಒಂದನ್ನು ಮುಚ್ಚಿಟ್ಟಿದ್ದೇನೆ.

ಹೋದ ಬೋಟಿನಲ್ಲಿ ನಾಲ್ಕನೆಯ ಅವಧಿಗೆ ಒಪ್ಪಿಗೆ ಬರೆದು ಕಳಿಸಿಬಿಟ್ಟೆ. ಇನ್ನು ಮೂರು ವರ್ಷ. ನಿನ್ನ ಪತ್ರ ಕೈಗೆ ಬಂದು ಒಂದು ಗಂಟೆ ಆಗಿತ್ತಷ್ಟೆ, ಹದಿನಾಲ್ಕು ವರ್ಷ ಎಂಟು ತಿಂಗಳು ಎಂಬ ಮಾತು ಕಿವಿಯಲ್ಲಿ ಕುಟ್ಟುತ್ತಿತ್ತು. ಇಲಾಖೆಯಿಂದ ಏನೂ ಬಂದಿಲ್ಲ ಎಂದು ಬರೆದದ್ದು ಸುಳ್ಳು.

ಆದರೆ ಸಹಿ ಹಾಕಿ ಸುಮ್ಮನೆ ಕೂರಲಿಲ್ಲ. ಈಚೆಗೆ ಭತ್ಯೆ ಏರಿಸಿದ್ದಾರೆ, ಕಂತಿನ ಮೇಲೆ ತಿಂಗಳಿಗೆ ಇನ್ನು ಹತ್ತು ಸಾವಿರ ಕಟ್ಟಬಹುದು. ಹಾಗೆ ಕಟ್ಟಿದರೆ ಎಂಟು ವರ್ಷ ಒಂದು ತಿಂಗಳಿಗೆ ಸಾಲ ಪೂರ್ತಿ ತೀರುತ್ತದೆ. ಈ ಸಲ ಸ್ಕೇಲ್ ಮುಟ್ಟಲಿಲ್ಲ, ತಿಂಗಳು ತಿಂಗಳು ಬಡ್ಡಿ ಕಳೆದು ತೊಂಬತ್ತೇಳು ಸಾಲು ಬರೆದಿದ್ದೇನೆ. ಮನೆ ಮಾರಬೇಡ. ನಿನ್ನ ಮನೆ ಅದು. ನಿನಗೆ ಅಂತಲೇ ತಾನೆ ನಾನಿಲ್ಲಿರುವುದು. ನಾನು ನಡೆಸಿಕೊಡುತ್ತೇನೆ.

ನಿನ್ನವನು


ಮಾರ್ಚ್ 14

ರೀ,

ಎಂಟು ವರ್ಷ ಒಂದು ತಿಂಗಳು. ಲೆಕ್ಕ ಸರಿ ಇದೆ, ಮ್ಯಾನೇಜರ್ ಕೈಯಲ್ಲಿ ನೋಡಿಸಿದೆ. ಲೆಕ್ಕ ಸರಿ ಬಂದದ್ದಕ್ಕೆ ನಿಮ್ಮ ತಲೆ ಕೆಟ್ಟದ್ದು ಇನ್ನೂ ಖಾತ್ರಿಯಾಯಿತು. ನನಗೆ ಮನೆ ಬೇಕು ಎಂದು ನಿಮಗೆ ಯಾರು ಹೇಳಿದರು? ನಿಮಗೆ ಬೇಕು ಅಂದುಕೊಂಡು ನಾನು ಒಂಬತ್ತು ವರ್ಷ ಈ ನೆಲ ಒರೆಸಿದೆ. ನನಗೆ ಬೇಕು ಅಂದುಕೊಂಡು ನೀವು ಬಟಾಣಿ ತಿಂದಿರಿ. ಇಬ್ಬರಲ್ಲಿ ಒಬ್ಬರಾದರೂ ಬಾಯಿ ಬಿಟ್ಟು ಕೇಳಬಾರದಿತ್ತೆ.

ನಿಮ್ಮ ಪತ್ರ ಓದುವಾಗ ಸೊಳ್ಳೆ ಪಕ್ಕದಲ್ಲೇ ಇದ್ದಳು. ನರ್ಸಿಂಗ್ ಕಾಲೇಜಿನಲ್ಲಿ ಅವಳಿಗೆ ಸೀಟು ಸಿಕ್ಕಿದೆ, ಪತ್ರ ಮೊನ್ನೆ ಬಂತು. ಜೂನ್ ಒಂದನೇ ತಾರೀಖು ಹಾಸ್ಟೆಲಿಗೆ ಹೋಗಬೇಕು. ಅಪ್ಪ ಇನ್ನು ಮೂರು ವರ್ಷಕ್ಕೆ ಬರೆದುಕೊಟ್ಟಿದ್ದಾರಂತೆ ಅಂದೆ. "ಹೋಗ್ಲಿ ಬಿಡಮ್ಮ, ನಾನು ಹೆಂಗಿದ್ರೂ ಇರಲ್ವಲ್ಲ. ಬಂದ್ರೂ ಯಾರನ್ನ ನೋಡ್ತಾರೆ" ಅಂದಳು. ಅಳಲಿಲ್ಲ, ಸಿಟ್ಟೂ ಮಾಡಲಿಲ್ಲ. ಬಸ್ಸು ತಪ್ಪಿದವರು ಹೇಳುವ ಹಾಗೆ ಹೇಳಿ ಬಟ್ಟೆ ಮಡಿಸತೊಡಗಿದಳು. ನನಗೆ ತಡೆಯಲಾಗಲಿಲ್ಲ. ಬಚ್ಚಲಿಗೆ ಹೋಗಿ ನಲ್ಲಿ ಬಿಟ್ಟುಕೊಂಡು ಅತ್ತೆ.

ಮಾರನೆಯ ದಿನ ನಿಮ್ಮ ಇಲಾಖೆಯ ಕಚೇರಿಗೆ ನಾನೇ ಹೋದೆ. ಒಪ್ಪಿಗೆಯನ್ನು ಮಾರ್ಚ್ ಮೂವತ್ತೊಂದರೊಳಗೆ ಹಿಂದಕ್ಕೆ ಪಡೆಯಬಹುದಂತೆ, ಆದರೆ ನೌಕರರ ಸ್ವಂತ ಸಹಿಯ ಮೂಲ ಕಾಗದವೇ ಬೇಕಂತೆ. ನಿಮ್ಮ ರೇಡಿಯೋದಲ್ಲಿ ಹೇಳಿದರೆ ನಡೆಯುವುದಿಲ್ಲವಂತೆ. ಹೋದ ಸಲದ ಹಾಗೆ ನಾನೇ ಸಹಿ ಹಾಕಿಬಿಡೋಣ ಎಂದರೆ ಈ ಸಲ ಆ ಚೌಕ ನನ್ನದಲ್ಲ.

ಲಕೋಟೆಯಲ್ಲಿ ಎರಡು ಕಾಗದ ಇವೆ. ಒಂದು ಮನೆಯ ಮಾರಾಟಕ್ಕೆ ಒಪ್ಪಿಗೆ, ಇನ್ನೊಂದು ನೀವು ಕೊಟ್ಟ ಒಪ್ಪಿಗೆಯ ವಾಪಸಾತಿ. ಇಪ್ಪತ್ತೊಂಬತ್ತರ ಬೋಟಿಗೆ ಕೊಟ್ಟರೆ ಮೂವತ್ತಕ್ಕೆ ಬಂದರಿಗೆ ಬರುತ್ತದೆ. ನಾನು ಅಲ್ಲೇ ಕಾದಿರುತ್ತೇನೆ. ಮೊದಲನೆಯದಕ್ಕೆ ಸಹಿ ಹಾಕಲು ಮನಸ್ಸಿಲ್ಲದಿದ್ದರೆ ಬಿಡಿ, ಆಮೇಲೆ ಜಗಳ ಆಡೋಣ. ಎರಡನೆಯದಕ್ಕೆ ಮಾತ್ರ ದಯವಿಟ್ಟು ಲೆಕ್ಕ ಹಾಕಲು ಕೂರಬೇಡಿ.

ಬಾಡಿಗೆಗೆ ಎರಡು ಕಡೆ ನೋಡಿಟ್ಟಿದ್ದೇನೆ: ಅಂಗಡಿಯ ಮೇಲಿನ ಎರಡು ಕೋಣೆ, ಇಲ್ಲವೇ ಬಸ್ ಡಿಪೋ ಹಿಂದಿನ ಮನೆ. ಯಾವುದು ಮೊದಲು ಖಾಲಿಯಾಗುತ್ತದೋ ಅದು.

ನಿಮ್ಮವಳು


ಮಾರ್ಚ್ 29

ಇವಳೇ,

ಎರಡಕ್ಕೂ ಸಹಿ ಹಾಕಿದ್ದೇನೆ. ಒದ್ದೆಯಾಗದ ಹಾಗೆ ಮೇಣಬಟ್ಟೆಯಲ್ಲಿ ಸುತ್ತಿ ಬೋಟಿನ ಯಜಮಾನನ ಕೈಗೇ ಕೊಟ್ಟೆ. ನಿನ್ನ ಹೊರತು ಬೇರೆ ಯಾರಿಗೂ ಕೊಡಬೇಡ ಎಂದು ಮೂರು ಸಲ ಹೇಳಿದ್ದಕ್ಕೆ, "ತಿಳೀತು ಮಾರಾಯ್ರೇ, ಮೊದಲ ಸಲವೇ ತಿಳೀತು" ಅಂದ.

ಮನೆಯ ಕಾಗದದ ಮುಂದೆ ಸ್ವಲ್ಪ ಹೊತ್ತು ಕೂತೆ. ಮನಸ್ಸಿಲ್ಲದೆ ಅಲ್ಲ. ಸಹಿ ಹಾಕುವ ಮುಂಚೆ ಮನೆಯನ್ನೊಮ್ಮೆ ಕಣ್ಣಿಗೆ ತಂದುಕೊಳ್ಳೋಣ ಅಂದುಕೊಂಡೆ. ಅಡುಗೆಮನೆಯ ಹಿಂಬಾಗಿಲು ಒಳಕ್ಕೆ ತೆರೆಯುತ್ತದೋ ಹೊರಕ್ಕೋ ಎಂದು ಎಷ್ಟು ಯೋಚಿಸಿದರೂ ನೆನಪಾಗಲಿಲ್ಲ. ನಲ್ಲಿಗಳು ಮಾತ್ರ ಒಂದೊಂದೂ ನೆನಪಿವೆ. ಆಮೇಲೆ ಸಹಿ ಹಾಕುವುದು ಕಷ್ಟವಾಗಲಿಲ್ಲ.

ಬದಲಿ ಮನುಷ್ಯ ಏಪ್ರಿಲ್ ಹತ್ತೊಂಬತ್ತರ ಬೋಟಿನಲ್ಲಿ ಬರುತ್ತಾನೆ, ಅದೇ ಬೋಟಿಗೆ ನಾನು ಹೊರಡುತ್ತೇನೆ. ಇಪ್ಪತ್ತೊಂದರ ಬೆಳಿಗ್ಗೆ ಊರಲ್ಲಿರುತ್ತೇನೆ. ಅಲ್ಲಿಂದ ಜೂನ್ ಒಂದಕ್ಕೆ ನಲವತ್ತೊಂದು ದಿನ. ಇದನ್ನು ಬೆರಳಲ್ಲಿ ಎಣಿಸಿದೆ, ಎರಡು ಸಲ. ಮಗಳಿಗೆ ಹೇಳು, ಅವಳು ಓದಲಿ, ಗೆಳತಿಯರ ಜೊತೆ ತಿರುಗಲಿ, ನನ್ನ ಜೊತೆ ಮಾತಾಡಲೇಬೇಕು ಅಂತಿಲ್ಲ. ಅವಳು ಪೆಟ್ಟಿಗೆ ತುಂಬುವಾಗ ನಾನು ಅದೇ ಕೋಣೆಯಲ್ಲಿ ಒಂದು ಮೂಲೆಯಲ್ಲಿ ಕೂತಿರುತ್ತೇನೆ.

ಹತ್ತೊಂಬತ್ತರ ಬೋಟಿಗೆ ಒಂದು ಸಾಲು ಬರೆದು ಕಳಿಸು: ಅಂಗಡಿಯ ಮೇಲೋ, ಬಸ್ ಡಿಪೋ ಹಿಂದೋ. ನಾನು ಯಾವ ವಿಳಾಸಕ್ಕೆ ಬರಬೇಕು?

ನಿನ್ನವನು